ಮ್ಯಾಲಿನ ಕೋರ್ಟಿಗಿ ಒಯ್ಯುವ ಮುನ್ನ

ಕೇಸು ಸೋತು ಹೊರಗೆ ಬಂದವರ ಬಾಯಲ್ಲಿ ಮೊದಲು ಬರುವ ಮಾತು ಸೇಡಂನಲ್ಲೂ ಅದೇ, ಚಿಂಚೋಳಿಯಲ್ಲೂ ಅದೇ: 'ಬಿಡಂಗಿಲ್ರೀ, ಮ್ಯಾಲಿನ ಕೋರ್ಟಿಗಿ ಒಯ್ತೀನಿ.' ಒಯ್ಯುವ ಹಕ್ಕನ್ನು ಯಾರೂ ಕಸಿಯಲಾರರು. ಆದರೆ ಹೋಗುವ ದಾರಿ ಒಂದೇ ಇಲ್ಲ. ತೀರ್ಪೇ ತಪ್ಪಾಗಿದೆ ಎನ್ನುವವರ ದಾರಿ ಬೇರೆ. ಕೇಸು ನಡೆಯುತ್ತಿರುವಾಗಲೇ ನಡುವೆ ಬಂದ ಒಂದು ಆದೇಶವನ್ನು ತಡೆಯಬೇಕು ಎನ್ನುವವರದು ಬೇರೆ. ಕೇಸು ವರ್ಷಗಟ್ಟಲೆ ಸರಿಯುತ್ತಿಲ್ಲ, ಕಚೇರಿಯವರು ಸತಾಯಿಸುತ್ತಾರೆ ಎನ್ನುವವರದು ಮತ್ತೂ ಬೇರೆ. ಮೂರನ್ನೂ ಕಲಸಿ ಒಂದೇ ಅರ್ಜಿ ಬರೆಸಿದರೆ ಅದು ಹೈಕೋರ್ಟಿನಲ್ಲಿ ಸಾಕಷ್ಟು ಕಾಲ ಕೂತು, ಕೊನೆಗೆ 'ಅರ್ಜಿದಾರರಿಗೆ ಬೇರೆ ಪರಿಹಾರ ಮಾರ್ಗವಿದೆ' ಎಂಬ ಒಂದು ಸಾಲು ಹೊತ್ತು ವಾಪಸು ಬರುತ್ತದೆ. ಅಷ್ಟರಲ್ಲಿ ನಿಜವಾದ ಮೇಲ್ಮನವಿಯ ಅವಧಿ ಮುಗಿದಿರುತ್ತದೆ.

ಆದ್ದರಿಂದ ಮೊದಲು ತಿಳಿಯಬೇಕಾದದ್ದು ಇಷ್ಟು. ಮೇಲಿನ ಕೋರ್ಟು ಯಾವಾಗ ನಿಮ್ಮ ಕೇಸನ್ನೇ ಮತ್ತೆ ಅಳೆದು ತೂಗುತ್ತದೆ, ಯಾವಾಗ ಕೆಳಗಿನ ಕೋರ್ಟು ತನ್ನ ಎಲ್ಲೆಯೊಳಗೆ ಇದೆಯೇ ಎಂದಷ್ಟೇ ನೋಡುತ್ತದೆ, ಯಾವಾಗ ಕೋರ್ಟಿನ ಯಜಮಾನಿಕೆ ನಡೆಸುತ್ತದೆ. ಈ ಮೂರು ಕೆಲಸಗಳಿಗೆ ಸಂವಿಧಾನ ಮತ್ತು ಕಾಯ್ದೆಗಳು ಬೇರೆ ಬೇರೆ ಕಲಮು ಇಟ್ಟಿವೆ.

ಹೈದರಾಬಾದು, ಬೆಂಗಳೂರು, ಕಲಬುರಗಿ

ನಿಜಾಮರ ಕಾಲದಲ್ಲಿ ಈ ಭಾಗದ ಕೇಸುಗಳ ಕೊನೆಯ ನಿಲ್ದಾಣ ಹೈದರಾಬಾದಿನ ಮೂಸಿ ದಂಡೆಯ ಮೇಲಿನ ಹೈಕೋರ್ಟು. 1956ರ ನವೆಂಬರ್ 1ರಂದು ಕಲಬುರಗಿ ಜಿಲ್ಲೆ ಮೈಸೂರು ರಾಜ್ಯಕ್ಕೆ ಸೇರಿದ ಮೇಲೆ ಆ ನಿಲ್ದಾಣ ಬೆಂಗಳೂರಾಯಿತು. ಅಲ್ಲಿಂದ ಅರ್ಧ ಶತಮಾನಕ್ಕೂ ಹೆಚ್ಚು ಕಾಲ ಚಿತ್ತಾಪುರದ ರೈತನಾಗಲಿ ವಾಡಿಯ ಸಿಮೆಂಟ್ ಕಾರ್ಮಿಕನಾಗಲಿ ಅಪೀಲಿನ ತಾರೀಖಿಗೆ ಹೋಗಬೇಕೆಂದರೆ ರೈಲು ಹತ್ತಿ ರಾತ್ರಿಯಿಡೀ ಪ್ರಯಾಣ. ಹೋದ ದಿನ ಕೇಸು ಕರೆಯದಿದ್ದರೆ ಮತ್ತೆ ಅದೇ ರೈಲು. ವಕೀಲರ ದೀರ್ಘ ಹೋರಾಟದ ನಂತರ 2008ರ ಜುಲೈಯಲ್ಲಿ ಧಾರವಾಡದ ಜೊತೆಗೆ ಕಲಬುರಗಿಯಲ್ಲೂ ಹೈಕೋರ್ಟಿನ ಸಂಚಾರಿ ಪೀಠ ಬಂತು. 2013ರಲ್ಲಿ ಅದು ಕಾಯಂ ಪೀಠವಾಯಿತು. ಇಂದು ಬೀದರ್, ಕಲಬುರಗಿ, ಯಾದಗಿರಿ, ರಾಯಚೂರು, ವಿಜಯಪುರ ಜಿಲ್ಲೆಗಳ ಕೋರ್ಟುಗಳಿಗೆ ಮೇಲಿನದು ಈ ಪೀಠವೇ.

ನಿಮ್ಮ ಕೇಸು ಅಲ್ಲಿಗೆ ಹೋಗಿದೆಯೇ ಎಂದು ತಿಳಿಯಲು ವಕೀಲರಿಗೆ ಫೋನು ಹಚ್ಚಬೇಕಿಲ್ಲ, ನಂಬರು ನೋಡಿದರೆ ಸಾಕು. ಈಗಿನ ಪದ್ಧತಿಯಲ್ಲಿ ಕಲಬುರಗಿ ಪೀಠದ ಕೇಸುಗಳಿಗೆ 2ರಿಂದ ಶುರುವಾಗುವ ಆರಂಕಿಯ ಸಂಖ್ಯೆ ಇರುತ್ತದೆ, ಧಾರವಾಡದವಕ್ಕೆ 1ರಿಂದ. ಸಂಖ್ಯೆಗೆ ಮೊದಲಿನ ಅಕ್ಷರಗಳೂ ಕತೆ ಹೇಳುತ್ತವೆ. ಆರ್‌ಎಫ್‌ಎ ಎಂದಿದ್ದರೆ ಮೊದಲ ಮೇಲ್ಮನವಿ, ಆರ್‌ಎಸ್‌ಎ ಎಂದರೆ ಎರಡನೆಯದು. ಅಪಘಾತ ಪರಿಹಾರದ್ದು ಸಾಮಾನ್ಯವಾಗಿ ಎಂಎಫ್‌ಎ. ಡಬ್ಲ್ಯುಪಿ ಎಂದು ಬರೆದು ಪಕ್ಕದಲ್ಲಿ ಜಿಎಂ-ಸಿಪಿಸಿ ಎಂದಿದ್ದರೆ ತಿಳಿಯಿರಿ: ಸಿವಿಲ್ ಕೋರ್ಟಿನ ಯಾವುದೋ ನಡುವಿನ ಆದೇಶವನ್ನು ಯಾರೋ ಪ್ರಶ್ನಿಸಿದ್ದಾರೆ. ಈ ಕೊನೆಯದರ ಬಗ್ಗೆ ಮುಂದೆ ಹೆಚ್ಚು ಹೇಳುವುದಿದೆ.

ನಕಲಿನ ಬೆನ್ನ ಮೇಲಿನ ತಾರೀಖುಗಳು

ಮೇಲ್ಮನವಿ ಎಲ್ಲಕ್ಕಿಂತ ಸರಳ ದಾರಿ. ಸೇಡಂ, ಚಿತ್ತಾಪುರ, ಚಿಂಚೋಳಿಯ ಸಿವಿಲ್ ಜಡ್ಜ್ ಕೊಟ್ಟ ಡಿಕ್ರಿಯ ಮೇಲೆ ಜಿಲ್ಲಾ ಹಂತದಲ್ಲಿ ಆರ್‌ಎ, ಅಂದರೆ ರೆಗ್ಯುಲರ್ ಅಪೀಲು. ಇದನ್ನು ಎಷ್ಟೋ ಸಲ ಸೀನಿಯರ್ ಸಿವಿಲ್ ಜಡ್ಜ್ ಕೋರ್ಟೇ ಕೇಳುತ್ತದೆ. ಸೀನಿಯರ್ ಸಿವಿಲ್ ಜಡ್ಜ್ ಅವರದೇ ಡಿಕ್ರಿಯಾದರೆ ದಾವೆಯ ಮೌಲ್ಯ ನೋಡಿ ಜಿಲ್ಲಾ ಕೋರ್ಟೋ ಹೈಕೋರ್ಟೋ ನಿರ್ಧಾರವಾಗುತ್ತದೆ. ಮೌಲ್ಯದ ಮಿತಿಯನ್ನು ಸರ್ಕಾರ ಆಗಾಗ ತಿದ್ದುವುದರಿಂದ ಹಳೆಯ ಅಂಕಿ ನಂಬಿ ಕೂರಬೇಡಿ. ಮೊದಲ ಮೇಲ್ಮನವಿಯಲ್ಲಿ ಸಾಕ್ಷಿ ಪುರಾವೆ ಎಲ್ಲವನ್ನೂ ಮತ್ತೆ ತೂಗಿ ನೋಡುವ ಅಧಿಕಾರ ಮೇಲಿನ ಕೋರ್ಟಿಗಿದೆ. ಎರಡನೇ ಮೇಲ್ಮನವಿಗೆ ಹೋದರೆ ಆ ಸವಲತ್ತಿಲ್ಲ. ಸಿವಿಲ್ ಪ್ರಕ್ರಿಯಾ ಸಂಹಿತೆಯ 100ನೇ ಕಲಮಿನ ಪ್ರಕಾರ ಮಹತ್ವದ ಕಾನೂನಿನ ಪ್ರಶ್ನೆ ಇದ್ದರೆ ಮಾತ್ರ ಹೈಕೋರ್ಟು ಕೈ ಹಾಕುತ್ತದೆ. 'ಸಾಕ್ಷಿ ಸುಳ್ಳು ಹೇಳಿದ' ಎಂಬ ವಾದ ಅಲ್ಲಿ ನಡೆಯುವುದಿಲ್ಲ. ಎರಡು ಕೋರ್ಟಿನಲ್ಲಿ ಸೋತ ಮೇಲೂ 'ಹೈಕೋರ್ಟಿನಾಗ ನೋಡೂಣು' ಎಂದು ಎಕರೆ ಮಾರಿ ಹೋಗುವವರು ಈ ಒಂದು ಕಲಮನ್ನಾದರೂ ವಕೀಲರಿಂದ ಓದಿಸಿ ಕೇಳಬೇಕು.

ಅವಧಿಯ ಲೆಕ್ಕ ಬಿಗಿ. ಜಿಲ್ಲಾ ಹಂತದ ಸಿವಿಲ್ ಮೇಲ್ಮನವಿಗೆ 30 ದಿನ, ಹೈಕೋರ್ಟಿಗೆ 90. ಕ್ರಿಮಿನಲ್ ಶಿಕ್ಷೆಯ ವಿರುದ್ಧ ಸೆಷನ್ಸ್ ಕೋರ್ಟಿಗೆ 30, ಹೈಕೋರ್ಟಿಗೆ 60. ರಿವಿಜನ್‌ಗೆ 90. ನಕಲು ಪಡೆಯಲು ಹಿಡಿದ ದಿನಗಳನ್ನು ಈ ಲೆಕ್ಕದಿಂದ ಬಿಡುತ್ತಾರೆ, ಆದರೆ ನೀವು ಅರ್ಜಿ ಹಾಕಿದ ದಿನದಿಂದ ನಕಲು ಸಿದ್ಧವಾದ ದಿನದವರೆಗಿನದನ್ನು ಮಾತ್ರ. ದೃಢೀಕೃತ ನಕಲಿನ ಹಿಂಬದಿ ತಿರುಗಿಸಿ ನೋಡಿ. ಅರ್ಜಿ ಕೊಟ್ಟ ತಾರೀಖು, ನಕಲು ತಯಾರಾದ ತಾರೀಖು, ಒಯ್ದ ತಾರೀಖು ಸಾಲಾಗಿ ರಬ್ಬರ್ ಸ್ಟಾಂಪಿನ ಚೌಕದೊಳಗೆ ಪೆನ್ನಿನಲ್ಲಿ ಬರೆದಿರುತ್ತವೆ. ಮೇಲಿನ ಕೋರ್ಟಿನ ಕಚೇರಿ ಮೊದಲು ನೋಡುವುದು ಆ ಚೌಕವನ್ನೇ. ನಕಲು ತಯಾರಾಗಿ ತಿಂಗಳು ಕಳೆದರೂ ಒಯ್ಯದೆ ಬಿಟ್ಟರೆ ಆ ತಿಂಗಳು ನಿಮ್ಮ ಲೆಕ್ಕಕ್ಕೇ ಬೀಳುತ್ತದೆ. ತಡವಾಗಿದ್ದರೆ ಲಿಮಿಟೇಷನ್ ಕಾಯ್ದೆಯ 5ನೇ ಕಲಮಿನಡಿ ಕಾರಣ ಹೇಳಿ ಕ್ಷಮೆ ಕೇಳಬಹುದು. ಆದರೆ ಕ್ಷಮಿಸುವುದು ಕೋರ್ಟಿನ ವಿವೇಚನೆ, ನಿಮ್ಮ ಹಕ್ಕಲ್ಲ.

ಇನ್ನೊಂದು ತಪ್ಪು ತಿಳಿವಳಿಕೆ ಬೇರೂರಿದೆ. ಅಪೀಲು ಹಾಕಿದರೆ ಕೆಳಗಿನ ತೀರ್ಪು ತಾನಾಗಿ ನಿಂತಿತು ಎಂದು ಎಷ್ಟೋ ಜನ ನಿಶ್ಚಿಂತೆಯಾಗಿರುತ್ತಾರೆ. ಹಾಗಿಲ್ಲ. ತಡೆಯಾಜ್ಞೆ ಬೇರೆಯಾಗಿ ಕೇಳಬೇಕು. ಕೇಳದಿದ್ದರೆ ಆ ಕಡೆಯವರು ಡಿಕ್ರಿ ಜಾರಿಗೆ ಹಾಕಿ ಹೊಲದಲ್ಲಿ ಅಮೀನನನ್ನು ತಂದು ನಿಲ್ಲಿಸಬಹುದು. ಗೆದ್ದವರಿಗೂ ಒಂದು ಮಾತು: ಎದುರಿನವರು ನಿಮಗೆ ಗೊತ್ತಿಲ್ಲದಂತೆ ತಡೆ ತರಬಾರದೆಂದರೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 148ಎ ಕಲಮಿನಡಿ ಕೇವಿಯಟ್ ಹಾಕಿಡಿ. ಅದರ ಆಯುಷ್ಯ 90 ದಿನ. ಮುಗಿದ ಮೇಲೆ ಮತ್ತೆ ಹಾಕಬೇಕು.

227: ಬೇಲಿ ಕಾಯುವ ಕಲಮು

ಒಂದು ಕಲ್ಪಿತ ಕೇಸು ನೋಡೋಣ. ಸೇಡಂ ತಾಲ್ಲೂಕಿನ ಒಂದು ಹಳ್ಳಿಯಲ್ಲಿ ಅಕ್ಕ ತಮ್ಮಂದಿರ ಮೇಲೆ ಪಾಲಿನ ದಾವೆ ಹೂಡಿದ್ದಾಳೆ. ಎರಡು ವರ್ಷವಾದ ಮೇಲೆ ಒಂದು ಸರ್ವೆ ನಂಬರು ಬಿಟ್ಟುಹೋಗಿದೆ ಎಂದು ತಿಳಿದು ವಾದಪತ್ರ ತಿದ್ದುಪಡಿಗೆ ಅರ್ಜಿ ಕೊಡುತ್ತಾಳೆ. ಕೋರ್ಟು ತಿರಸ್ಕರಿಸುತ್ತದೆ. ಇದು ಡಿಕ್ರಿಯಲ್ಲ, ಹಾಗಾಗಿ ಅಪೀಲಿಲ್ಲ. ಹಿಂದೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 115ನೇ ಕಲಮಿನ ರಿವಿಜನ್ ಇತ್ತು. 2002ರ ಜುಲೈ 1ರಿಂದ ಜಾರಿಗೆ ಬಂದ ತಿದ್ದುಪಡಿಯ ನಂತರ, ದಾವೆಯನ್ನೇ ಮುಗಿಸಿಬಿಡಬಹುದಾದಂಥ ಆದೇಶಗಳಿಗೆ ಮಾತ್ರ ಅದು ಉಳಿದಿದೆ. ಆಕೆಗೆ ಉಳಿಯುವುದು ಸಂವಿಧಾನದ 227ನೇ ವಿಧಿ. ತನ್ನ ವ್ಯಾಪ್ತಿಯ ಎಲ್ಲ ಕೋರ್ಟು ಮತ್ತು ನ್ಯಾಯಮಂಡಳಿಗಳ ಮೇಲೆ ಹೈಕೋರ್ಟಿಗೆ ಮೇಲ್ವಿಚಾರಣೆಯ ಅಧಿಕಾರ ಕೊಡುವ ವಿಧಿ ಅದು. ಹೀಗೆ ಹುಟ್ಟುವುದೇ ಆ ಜಿಎಂ-ಸಿಪಿಸಿ ಎಂಬ ರಿಟ್ ಅರ್ಜಿ.

ಈ ಅಧಿಕಾರ ದೊಡ್ಡದು, ಬಳಕೆ ಸಣ್ಣದು. 1954ರಲ್ಲೇ ವರ್ಯಾಂ ಸಿಂಗ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಹೇಳಿದ ಮಾತಿನ ಸಾರ ಇಂದಿಗೂ ನಡೆಯುತ್ತದೆ: ಕೆಳಗಿನ ಕೋರ್ಟನ್ನು ಅದರ ಅಧಿಕಾರದ ಎಲ್ಲೆಯೊಳಗೆ ಇಡಲು ಇದು ಇರುವುದು, ಬರೀ ತಪ್ಪು ತಿದ್ದಲು ಅಲ್ಲ. ಅಂದರೆ ಜಡ್ಜ್ ಸಾಹೇಬರು ಹೀಗೂ ಹೇಳಬಹುದಿತ್ತು, ಹಾಗೂ ಹೇಳಬಹುದಿತ್ತು ಎನ್ನುವಂಥ ಆದೇಶವಾದರೆ ಹೈಕೋರ್ಟು ಮುಟ್ಟುವುದಿಲ್ಲ. ಇಲ್ಲದ ಅಧಿಕಾರ ಚಲಾಯಿಸಿದ್ದರೆ, ಇದ್ದ ಅಧಿಕಾರ ಬಳಸಲು ನಿರಾಕರಿಸಿದ್ದರೆ, ಎದುರಿನವರ ಮಾತೇ ಕೇಳದೆ ಆದೇಶ ಮಾಡಿದ್ದರೆ ಮುಟ್ಟುತ್ತದೆ. ನಮ್ಮ ಅಕ್ಕನ ಅರ್ಜಿಯಲ್ಲಿ 'ಆದೇಶ ತಪ್ಪು' ಎಂದಷ್ಟೇ ಬರೆದರೆ ಸಾಲದು. ಪಾಲಿನ ದಾವೆಗೆ ಎಲ್ಲ ಆಸ್ತಿ ಸೇರಲೇಬೇಕು, ಆ ಅರ್ಜಿಯನ್ನು ಕಾರಣ ಕೊಡದೆ ತಳ್ಳಿಹಾಕಿದ್ದಾರೆ ಎಂದು ತೋರಿಸಬೇಕು. 2015ರ ರಾಧೇಶ್ಯಾಮ್ ಪ್ರಕರಣದಲ್ಲಿ ಇನ್ನೊಂದು ಗಂಟು ಬಿಡಿಸಿದರು: ಸಿವಿಲ್ ಕೋರ್ಟಿನ ನ್ಯಾಯಿಕ ಆದೇಶಗಳನ್ನು 226ನೇ ವಿಧಿಯ ರಿಟ್‌ನಲ್ಲಿ ಪ್ರಶ್ನಿಸುವಂತಿಲ್ಲ, 227 ಒಂದೇ ದಾರಿ. ಶೀರ್ಷಿಕೆಯಲ್ಲಿ ಎರಡೂ ಅಂಕಿ ಹಾಕಿಬಿಡುವ ವಕೀಲರ ಅಭ್ಯಾಸ ಇನ್ನೂ ಹೋಗಿಲ್ಲ ಬಿಡಿ.

226 ಯಾವುದಕ್ಕೆ ಎನ್ನುವಿರಾದರೆ ಚಿತ್ತಾಪುರದ್ದೇ ಉದಾಹರಣೆ ಇದೆ. 2025ರ ಅಕ್ಟೋಬರ್‌ನಲ್ಲಿ ಆರೆಸ್ಸೆಸ್ ಪಥಸಂಚಲನಕ್ಕೆ ತಹಶೀಲ್ದಾರರು ಅನುಮತಿ ನಿರಾಕರಿಸಿದಾಗ ಅಕ್ಟೋಬರ್ 19ರ ಭಾನುವಾರವೇ ಕಲಬುರಗಿ ಪೀಠ ವಿಶೇಷ ವಿಚಾರಣೆ ನಡೆಸಿತು. ಹೊಸ ಅರ್ಜಿ, ಶಾಂತಿ ಸಭೆಗಳೆಲ್ಲ ಮುಗಿದು ನವೆಂಬರ್ 16ರಂದು ಸಂಚಲನ ನಡೆಯಿತು. ಅಲ್ಲಿ ಹೈಕೋರ್ಟಿನ ಮುಂದಿದ್ದದ್ದು ಆಡಳಿತದ ಅಧಿಕಾರಿಯ ಆದೇಶ, ಕೋರ್ಟಿನದಲ್ಲ. ರಾಜಕೀಯ ಬದಿಗಿಟ್ಟು ನೋಡಿದರೆ ಎರಡು ವಿಧಿಗಳ ಅಂತರ ಇದರಲ್ಲಿ ಸ್ವಚ್ಛವಾಗಿ ಕಾಣುತ್ತದೆ.

ಪಹಣಿ ತಕರಾರಿನವರಿಗೂ 227 ಬೇಕಾಗುತ್ತದೆ. ಮ್ಯುಟೇಷನ್ ತಪ್ಪಾದರೆ ಭೂಕಂದಾಯ ಕಾಯ್ದೆ 136(2)ರಡಿ ಸಹಾಯಕ ಆಯುಕ್ತರಿಗೆ ಮೇಲ್ಮನವಿ; ಈ ಭಾಗಕ್ಕೆ ಆ ಕಚೇರಿ ಸೇಡಂನಲ್ಲೇ ಇದೆ. ಅಲ್ಲಿಂದ 136(3)ರಡಿ ಜಿಲ್ಲಾಧಿಕಾರಿಗೆ ರಿವಿಜನ್. ಅದೂ ಮುಗಿದ ಮೇಲೆ ಹೈಕೋರ್ಟು. ನಡುವಿನ ಮೆಟ್ಟಿಲು ಹಾರಿ ಹೋದವರನ್ನು ಪೀಠ ಮೆಟ್ಟಿಲ ಬಳಿಗೇ ವಾಪಸು ಕಳಿಸುತ್ತದೆ. ಮಾಲೀಕತ್ವವೇ ತಕರಾರಿನಲ್ಲಿದ್ದರೆ ಈ ಯಾವ ಕಚೇರಿಯೂ ತೀರ್ಮಾನಿಸಲಾರದು, ಸಿವಿಲ್ ದಾವೆಯೇ ಗತಿ. ಕೆಲಸದಿಂದ ತೆಗೆದ ಕಾರ್ಮಿಕರ ವಿಷಯವೂ ಇದೇ ವಿಧಿಗಳಡಿ ಬರುತ್ತದೆ. ಕೆಲಸಕ್ಕೆ ಮರಳಿ ತೆಗೆದುಕೊಳ್ಳಿ ಎಂಬ ಲೇಬರ್ ಕೋರ್ಟಿನ ತೀರ್ಪನ್ನು ಕಾರ್ಖಾನೆ ಹೈಕೋರ್ಟಿಗೆ ಒಯ್ದರೆ, 1947ರ ಕೈಗಾರಿಕಾ ವಿವಾದ ಕಾಯ್ದೆಯಡಿ ನಡೆದ ಕೇಸುಗಳಲ್ಲಿ 17ಬಿ ಕಲಮಿನಂತೆ, ಬೇರೆಲ್ಲೂ ದುಡಿಯುತ್ತಿಲ್ಲ ಎಂಬ ಪ್ರಮಾಣಪತ್ರ ಕೊಟ್ಟ ಕಾರ್ಮಿಕನಿಗೆ ಕೊನೆಯ ಸಂಬಳ ಕೊಡುತ್ತಿರಬೇಕು. ವಾಡಿ, ಶಹಾಬಾದ, ಮಳಖೇಡದ ಕಾರ್ಮಿಕರು ಇದನ್ನು ಕೇಳಿ ಪಡೆಯಬೇಕು, ತಾನಾಗಿ ಬರುವುದಿಲ್ಲ. ನ್ಯಾಯಮಂಡಳಿಗಳ ಮೇಲೆ 227 ಹೈಕೋರ್ಟಿಗೆ ಕೊಟ್ಟ ಈ ಹಿಡಿತವನ್ನು ತುರ್ತುಪರಿಸ್ಥಿತಿಯ ಕಾಲದ 42ನೇ ತಿದ್ದುಪಡಿ ಕಿತ್ತುಕೊಂಡಿತ್ತು, 44ನೇ ತಿದ್ದುಪಡಿ ಮರಳಿ ಕೊಟ್ಟಿತು.

ಮರತೂರಿನಿಂದ ದಿಲ್ಲಿಗೆ, ದಿಲ್ಲಿಯಿಂದ ಸೇಡಂಗೆ

ಅಪೀಲಾಗಲಿ ಅರ್ಜಿಯಾಗಲಿ ಇಲ್ಲದೆಯೂ ಮೇಲಿನ ಕೋರ್ಟು ಕೆಳಗಿನದನ್ನು ನಡೆಸುತ್ತದೆ. ಸುಪ್ರೀಂ ಕೋರ್ಟು ಸಾರಿದ ಕಾನೂನು ದೇಶದ ಎಲ್ಲ ಕೋರ್ಟುಗಳನ್ನೂ ಕಟ್ಟಿಹಾಕುತ್ತದೆ ಎನ್ನುತ್ತದೆ 141ನೇ ವಿಧಿ. ಇದರ ಬಿಸಿ ನಮ್ಮ ತಾಲ್ಲೂಕು ಕೋರ್ಟುಗಳಿಗೆ ತಟ್ಟಿದ್ದು ಹೆಣ್ಣುಮಕ್ಕಳ ಪಾಲಿನ ವಿಷಯದಲ್ಲಿ. ಪಿತ್ರಾರ್ಜಿತ ಆಸ್ತಿಯಲ್ಲಿ ಗಂಡುಮಗನಿಗೆ ಹುಟ್ಟಿನಿಂದಲೇ ಹಕ್ಕು ಎಂಬ ಮಿತಾಕ್ಷರ ಪದ್ಧತಿಯನ್ನು ಬರೆದ ವಿಜ್ಞಾನೇಶ್ವರ ಶಹಾಬಾದ ಬಳಿಯ ಮರತೂರಿನವನೆಂದು ಪ್ರಸಿದ್ಧ. ಕಲ್ಯಾಣದ ಆರನೇ ವಿಕ್ರಮಾದಿತ್ಯನ ಕಾಲದವನು. ಒಂಬತ್ತು ಶತಮಾನ ಕಳೆದರೂ ಚಿತ್ತಾಪುರ ಕೋರ್ಟಿನಲ್ಲಿ ಹಿಂದೂ ಅವಿಭಕ್ತ ಕುಟುಂಬದ ಪಾಲಿನ ದಾವೆ ಎದ್ದರೆ ವಾದ ಶುರುವಾಗುವುದು ಅವನಿಂದಲೇ.

ಕರ್ನಾಟಕ 1994ರಲ್ಲೇ ಮದುವೆಯಾಗದ ಹೆಣ್ಣುಮಕ್ಕಳಿಗೆ ಆ ಹಕ್ಕು ಕೊಟ್ಟಿತು. ಕೇಂದ್ರದ ತಿದ್ದುಪಡಿ 2005ರ ಸೆಪ್ಟೆಂಬರ್ 9ರಂದು ಎಲ್ಲ ಹೆಣ್ಣುಮಕ್ಕಳಿಗೂ ಕೊಟ್ಟಿತು. ಆ ದಿನಕ್ಕೆ ತಂದೆ ಬದುಕಿರಬೇಕೇ? ಕರ್ನಾಟಕದಿಂದ ಹೋದ ಫೂಲವತಿ ಪ್ರಕರಣದಲ್ಲಿ 2015ರಲ್ಲಿ ಸುಪ್ರೀಂ ಕೋರ್ಟು 'ಇರಬೇಕು' ಎಂದಿತು. ಕರ್ನಾಟಕದ್ದೇ ದಾನಮ್ಮ ಪ್ರಕರಣದಲ್ಲಿ 2018ರಲ್ಲಿ, 2001ರಲ್ಲೇ ತೀರಿಹೋದ ತಂದೆಯ ಹೆಣ್ಣುಮಕ್ಕಳಿಗೆ ಪಾಲು ಕೊಟ್ಟಿತು. ಈ ಎರಡರ ನಡುವೆ ತಾಲ್ಲೂಕಿನ ಜಡ್ಜ್ ಏನು ಮಾಡಬೇಕು? ಒಂದು ಕಡೆಯ ವಕೀಲ ಒಂದು ತೀರ್ಪು ಇಟ್ಟರೆ ಇನ್ನೊಬ್ಬ ಮತ್ತೊಂದು ಇಡುತ್ತಿದ್ದ. 2020ರ ಆಗಸ್ಟ್ 11ರಂದು ವಿನೀತಾ ಶರ್ಮಾ ಪ್ರಕರಣದಲ್ಲಿ ಮೂವರು ನ್ಯಾಯಮೂರ್ತಿಗಳ ಪೀಠ ಫೂಲವತಿ ತೀರ್ಪನ್ನು ತೆಗೆದುಹಾಕಿತು: ತಂದೆ ಬದುಕಿರಬೇಕಾಗಿಲ್ಲ, ಹಕ್ಕು ಹುಟ್ಟಿನಿಂದಲೇ. ಅಷ್ಟಕ್ಕೆ ಬಿಡದೆ, ಈ ಪ್ರಶ್ನೆಯ ಮೇಲೆ ಹೈಕೋರ್ಟುಗಳಲ್ಲಿ ಮತ್ತು ಕೆಳಗಿನ ಕೋರ್ಟುಗಳಲ್ಲಿ ನಿಂತ ಕೇಸುಗಳನ್ನು ಆದಷ್ಟು ಆರು ತಿಂಗಳಲ್ಲಿ ಮುಗಿಸಬೇಕೆಂದೂ ಕೋರಿತು.

ಓದುಗರಿಗೆ ಇದರ ಲಾಭ ನೇರವಾದದ್ದು. ನಿಮ್ಮ ಮನೆಯ ಪಾಲಿನ ದಾವೆಯಲ್ಲಿ ಪ್ರಾಥಮಿಕ ಡಿಕ್ರಿ ಆಗಿದ್ದರೂ ಅಂತಿಮ ಡಿಕ್ರಿ ಆಗಿಲ್ಲದಿದ್ದರೆ, ಬದಲಾದ ಕಾನೂನಿನಂತೆ ಹೆಣ್ಣುಮಕ್ಕಳ ಹಿಸ್ಸೆಯನ್ನು ತಿದ್ದಿಕೊಡಿ ಎಂದು ಅದೇ ಕೋರ್ಟನ್ನು ಕೇಳಬಹುದು, ಮೇಲಕ್ಕೆ ಹೋಗಬೇಕಿಲ್ಲ. 2004ರ ಡಿಸೆಂಬರ್ 20ಕ್ಕೆ ಮೊದಲೇ ನೋಂದಾಯಿತ ಪತ್ರದಿಂದಲೋ ಕೋರ್ಟ್ ಡಿಕ್ರಿಯಿಂದಲೋ ಪಾಲು ಮುಗಿದಿದ್ದರೆ ಮಾತ್ರ ಅದನ್ನು ಕೆದಕಲಾಗದು. 'ಬಾಯಿಮಾತಿಲೇ ಎಂದೋ ಪಾಲಾಗ್ಯಾದ' ಎಂಬ ಅಣ್ಣತಮ್ಮಂದಿರ ಮಾತನ್ನು ಬಲವಾದ ಸರ್ಕಾರಿ ದಾಖಲೆಯಿಲ್ಲದೆ ಒಪ್ಪಬಾರದೆಂದೂ ಅದೇ ತೀರ್ಪು ಹೇಳಿದೆ.

ಕ್ರಿಮಿನಲ್ ಕಡೆಯಲ್ಲೂ ಇಂಥ ಅಪ್ಪಣೆಗಳಿವೆ. ಏಳು ವರ್ಷದವರೆಗಿನ ಶಿಕ್ಷೆಯ ಅಪರಾಧಗಳಲ್ಲಿ ಪೊಲೀಸರು ಕಣ್ಣುಮುಚ್ಚಿ ಬಂಧಿಸುವಂತಿಲ್ಲ, ಮ್ಯಾಜಿಸ್ಟ್ರೇಟರೂ ಕಾರಣ ಬರೆಯದೆ ಕಸ್ಟಡಿಗೆ ಒಪ್ಪಿಸುವಂತಿಲ್ಲ ಎಂದು 2014ರ ಅರ್ನೇಶ್ ಕುಮಾರ್ ತೀರ್ಪು ಹೇಳಿತು. ತಪ್ಪಿದ ಮ್ಯಾಜಿಸ್ಟ್ರೇಟರ ಮೇಲೆ ಹೈಕೋರ್ಟು ಇಲಾಖಾ ಕ್ರಮ ಕೈಗೊಳ್ಳಬಹುದು ಎಂಬ ಎಚ್ಚರಿಕೆಯೂ ಅದರಲ್ಲಿದೆ. ಜಾಮೀನು ಅರ್ಜಿ ಎರಡು ವಾರದಲ್ಲಿ, ನಿರೀಕ್ಷಣಾ ಜಾಮೀನು ಆರು ವಾರದಲ್ಲಿ ತೀರ್ಮಾನವಾಗಬೇಕು ಎಂದದ್ದು 2022ರ ಸತೇಂದರ್ ಆಂಟಿಲ್ ತೀರ್ಪು. ಜೀವನಾಂಶದ ಕೇಸಿನಲ್ಲಿ ಗಂಡ ಹೆಂಡಿರಿಬ್ಬರೂ ಆಸ್ತಿ ಆದಾಯದ ಪ್ರಮಾಣಪತ್ರ ಕೊಡಲೇಬೇಕು ಎಂದದ್ದು 2020ರ ರಜನೀಶ್ ತೀರ್ಪು. ಇವನ್ನು ಮುರಿದರೆಂದು ಮೇಲಕ್ಕೆ ಓಡುವ ಮುನ್ನ ನಿಮ್ಮ ಕೋರ್ಟಿನ ಮುಂದೆಯೇ ತೀರ್ಪಿನ ಪ್ರತಿ ಇಟ್ಟು ಮೆಮೊ ಕೊಡಿ. ಕೆಲಸ ಅಲ್ಲೇ ಆಗುವ ಸಂಭವವೇ ಹೆಚ್ಚು.

ಗೆದ್ದರೂ ಕೈಗೆ ಬಾರದ ಹೊಲ

ಡಿಕ್ರಿ ಸಿಕ್ಕು ಹತ್ತು ವರ್ಷವಾದರೂ ಹೊಲ ಕೈಗೆ ಬರದವರು ಪ್ರತಿ ಊರಲ್ಲಿದ್ದಾರೆ. ಜಾರಿ ಅರ್ಜಿಯನ್ನು ಆರು ತಿಂಗಳಲ್ಲಿ ಮುಗಿಸಿ ಎಂದು ಸುಪ್ರೀಂ ಕೋರ್ಟು 2021ರಲ್ಲಿ ರಾಹುಲ್ ಷಾ ಪ್ರಕರಣದಲ್ಲಿ ಹೇಳಿತು. ಅದೂ ಕರ್ನಾಟಕದಿಂದ ಹೋದ ಕೇಸು. ಯಾರೂ ಕಿವಿಗೊಟ್ಟಂತೆ ಕಾಣದಿದ್ದಾಗ 2025ರ ಮಾರ್ಚ್ 6ರಂದು ಪೆರಿಯಮ್ಮಾಳ್ ಪ್ರಕರಣದಲ್ಲಿ ಎಲ್ಲ ಹೈಕೋರ್ಟುಗಳಿಗೂ ಅಪ್ಪಣೆಯಾಯಿತು: ನಿಮ್ಮ ಜಿಲ್ಲಾ ಕೋರ್ಟುಗಳಿಂದ ಬಾಕಿ ಜಾರಿ ಅರ್ಜಿಗಳ ಲೆಕ್ಕ ತರಿಸಿ, ಆರು ತಿಂಗಳಲ್ಲಿ ಮುಗಿಸಲು ಸುತ್ತೋಲೆ ಹೊರಡಿಸಿ. ಅಕ್ಟೋಬರ್‌ನಲ್ಲಿ ಲೆಕ್ಕ ನೋಡಿದಾಗ ಆರು ತಿಂಗಳಲ್ಲಿ 3.38 ಲಕ್ಷ ಮುಗಿದಿದ್ದವು, ಆದರೂ ದೇಶದಲ್ಲಿ 8.82 ಲಕ್ಷಕ್ಕೂ ಹೆಚ್ಚು ಬಾಕಿ ಉಳಿದಿದ್ದವು. ಆ ಲೆಕ್ಕದಲ್ಲಿ ಕರ್ನಾಟಕದ ಅಂಕಿಯೇ ಇರಲಿಲ್ಲ. ಮಾಹಿತಿ ಕಳಿಸದ ನಮ್ಮ ಹೈಕೋರ್ಟಿನ ರಿಜಿಸ್ಟ್ರಾರ್ ಜನರಲ್ ಅವರಿಂದ ಸುಪ್ರೀಂ ಕೋರ್ಟು ವಿವರಣೆ ಕೇಳಿತು. ಕೆಳಗಿನವರನ್ನು ಲೆಕ್ಕ ಕೇಳುವವರೂ ಲೆಕ್ಕ ಕೊಡಬೇಕಾದವರೇ.

ನಿಮ್ಮ ಜಾರಿ ಅರ್ಜಿ ಹಳೆಯದಾಗಿದ್ದರೆ ಈ ಎರಡು ತೀರ್ಪುಗಳ ಹೆಸರು ಬರೆದು ಬೇಗ ವಿಚಾರಣೆಗೆ ಅರ್ಜಿ ಕೊಡಿ. ಕೊಟ್ಟ ಮೇಲೂ ಸರಿಯದಿದ್ದರೆ 227ರಡಿ ಕಲಬುರಗಿ ಪೀಠಕ್ಕೆ ಹೋಗಬಹುದು. ಇಲ್ಲೊಂದು ಎಚ್ಚರ ಬೇಕು. 2024ರ ಫೆಬ್ರವರಿ 29ರಂದು ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠ, ಅಲಹಾಬಾದ್ ಹೈಕೋರ್ಟ್ ವಕೀಲರ ಸಂಘದ ಪ್ರಕರಣದಲ್ಲಿ, ಬೇರೆ ಕೋರ್ಟುಗಳಲ್ಲಿ ನಡೆಯುವ ಕೇಸುಗಳಿಗೆ ಮೇಲಿನವರು ಸಾಮಾನ್ಯವಾಗಿ ಗಡುವು ಹಾಕಬಾರದು, ಅಸಾಧಾರಣ ಸಂದರ್ಭದಲ್ಲಿ ಮಾತ್ರ ಹಾಕಬಹುದು ಎಂದಿತು. ಒಬ್ಬರ ಕೇಸು ಮುಂದೆ ತಂದರೆ ಅದಕ್ಕಿಂತ ಹಳೆಯ ಇನ್ನೊಬ್ಬ ಬಡವನ ಕೇಸು ಹಿಂದೆ ಬೀಳುತ್ತದೆ, ಮಾತು ಸರಿಯೇ. ಹಾಗಾಗಿ 'ಬೇಗ ಮುಗಿಸಲು ಹೇಳಿ' ಎಂದು ಹೋಗುವವರು ವಯಸ್ಸು, ಕಾಯಿಲೆ, ಎದುರಿನವರ ಸತತ ಮುಂದೂಡಿಕೆಯಂಥ ಗಟ್ಟಿ ಕಾರಣ ತೋರಿಸಬೇಕು. ಅದೇ ತೀರ್ಪು ಹೈಕೋರ್ಟಿನ ತಡೆ ಆರು ತಿಂಗಳಿಗೆ ತಾನಾಗಿ ಬೀಳುತ್ತದೆ ಎಂಬ 2018ರ ನಿಯಮವನ್ನೂ ರದ್ದು ಮಾಡಿದೆ. ಹಳೆಯ ತಡೆ ಇದ್ದರೆ ತೆರವಿಗೆ ನೀವೇ ಅರ್ಜಿ ಹಾಕಬೇಕು.

ವಿಳಂಬದ ದೂರು ಒಯ್ಯುವ ಮೊದಲು ಇನ್ನೊಂದು ಕೆಲಸ ಮಾಡಿ. ಇ-ಕೋರ್ಟ್ಸ್ ಆ್ಯಪಿನಲ್ಲಿ ನಿಮ್ಮ ಕೇಸಿನ 16 ಅಕ್ಷರಗಳ ಸಿಎನ್‌ಆರ್ ಸಂಖ್ಯೆ ಹಾಕಿ ಪ್ರತಿ ಪೇಶಿಯ ಟಿಪ್ಪಣಿ ಓದಿ. ಖರ್ಚಿಲ್ಲ. ಸಿವಿಲ್ ಸಂಹಿತೆಯ 17ನೇ ಆದೇಶ ಒಬ್ಬ ಪಕ್ಷಕಾರನಿಗೆ ಮೂರಕ್ಕಿಂತ ಹೆಚ್ಚು ಮುಂದೂಡಿಕೆ ಬೇಡ ಎನ್ನುತ್ತದೆ. ಯಾರು ಎಷ್ಟು ಸಲ ಕೇಳಿದ್ದಾರೆ ಎಂದು ಎಣಿಸುತ್ತ ಹೋದಂತೆ ಕೆಲವರಿಗೆ ತಮ್ಮ ವಕೀಲರ ಹೆಸರೇ ಪದೇ ಪದೇ ಸಿಗುತ್ತದೆ. ಆಗ ಹೋಗಬೇಕಾದ್ದು ಹೈಕೋರ್ಟಿಗಲ್ಲ.

ತಾಂಡೂರಿನ ಕೇಸು, ಜಡ್ಜ್ ಮೇಲಿನ ದೂರು

ಕೇಸನ್ನು ಒಂದು ಕೋರ್ಟಿನಿಂದ ಇನ್ನೊಂದಕ್ಕೆ ವರ್ಗಾಯಿಸುವುದೂ ಮೇಲ್ವಿಚಾರಣೆಯ ಭಾಗ. ಜಿಲ್ಲೆಯೊಳಗಾದರೆ ಸಿವಿಲ್ ಸಂಹಿತೆಯ 24ನೇ ಕಲಮಿನಡಿ ಜಿಲ್ಲಾ ನ್ಯಾಯಾಧೀಶರೇ ಮಾಡಬಲ್ಲರು. ಗಂಡ ರಾಯಚೂರಿನಲ್ಲಿ ವಿಚ್ಛೇದನ ಹಾಕಿದ್ದು ಹೆಂಡತಿ ಶಹಾಬಾದದ ತವರಿನಲ್ಲಿದ್ದರೆ ಕಲಬುರಗಿ ಪೀಠಕ್ಕೆ ಅರ್ಜಿ. ಚಿಂಚೋಳಿ, ಸೇಡಂ ಕಡೆಯವರಿಗೆ ತೊಡಕು ಬರುವುದು ಸಂಬಂಧ ಗಡಿಯಾಚೆ ಇದ್ದಾಗ. ತಾಂಡೂರು, ಜಹೀರಾಬಾದ್ ಈಗ ತೆಲಂಗಾಣ; ಅಲ್ಲಿನ ಕೋರ್ಟಿನಿಂದ ಇಲ್ಲಿಗೆ ಕೇಸು ತರುವ ಅಧಿಕಾರ ಎರಡೂ ರಾಜ್ಯದ ಹೈಕೋರ್ಟುಗಳಿಗಿಲ್ಲ. 25ನೇ ಕಲಮಿನಡಿ ಸುಪ್ರೀಂ ಕೋರ್ಟಿಗೇ ಹೋಗಬೇಕು. ಐವತ್ತು ಅರವತ್ತು ಕಿಲೋಮೀಟರ್ ಓಡಾಟ ತಪ್ಪಿಸಲು ದಿಲ್ಲಿಗೆ ಅರ್ಜಿ ಹಾಕುವುದು ವಿಚಿತ್ರವೇ, ಆದರೆ ಕಾನೂನು ಹಾಗಿದೆ. ವೈವಾಹಿಕ ಕೇಸುಗಳಲ್ಲಿ ಹೆಂಡತಿಯ ಅನುಕೂಲಕ್ಕೇ ಹೆಚ್ಚು ಬೆಲೆ ಎಂದು ಸುಪ್ರೀಂ ಕೋರ್ಟು 2022ರಲ್ಲೂ ಹೇಳಿದೆ.

ಇನ್ನು ಆಡಳಿತದ ಮಾತು. ತಾಲ್ಲೂಕು ಕೋರ್ಟಿನ ನ್ಯಾಯಾಧೀಶರ ವರ್ಗಾವಣೆ, ಬಡ್ತಿ, ರಜೆ, ಶಿಸ್ತು ಎಲ್ಲವೂ 235ನೇ ವಿಧಿಯಂತೆ ಹೈಕೋರ್ಟಿನ ಕೈಯಲ್ಲಿ. ಜಿಲ್ಲೆಗೊಬ್ಬರು ಆಡಳಿತಾತ್ಮಕ ನ್ಯಾಯಮೂರ್ತಿ ಹೈಕೋರ್ಟಿನಲ್ಲಿ ಇರುತ್ತಾರೆ. ಇಲ್ಲಿ ಪ್ರಧಾನ ಜಿಲ್ಲಾ ಮತ್ತು ಸತ್ರ ನ್ಯಾಯಾಧೀಶರು ತಪಾಸಣೆ ಮಾಡುತ್ತಾರೆ. ಲಂಚ, ದುರ್ನಡತೆಯಂಥ ದೂರಿದ್ದರೆ ಪ್ರಧಾನ ಜಿಲ್ಲಾ ನ್ಯಾಯಾಧೀಶರಿಗೆ ಇಲ್ಲವೇ ಹೈಕೋರ್ಟಿನ ರಿಜಿಸ್ಟ್ರಾರ್ ಜನರಲ್‌ಗೆ ಬರೆಯಬೇಕು, ಹೆಸರು, ಸಹಿ, ಪ್ರಮಾಣಪತ್ರ, ಪರಿಶೀಲಿಸಬಹುದಾದ ಆಧಾರ ಸಹಿತ. ಮೂಗರ್ಜಿಗೆ ಬೆಲೆಯಿಲ್ಲ, ಇರಲೂಬಾರದು. ಸೋತ ಸಿಟ್ಟಿಗೆ ಪ್ರಾಮಾಣಿಕ ಅಧಿಕಾರಿಯ ಮೇಲೆ ಕೆಸರೆರಚುವುದನ್ನು ತಡೆದು ಅವರನ್ನು ಕಾಯುವುದೂ ಹೈಕೋರ್ಟಿನ ಹೊಣೆ ಎಂದು ಸುಪ್ರೀಂ ಕೋರ್ಟು 1988ರಲ್ಲೇ ಈಶ್ವರ್ ಚಂದ್ ಜೈನ್ ಪ್ರಕರಣದಲ್ಲಿ ಹೇಳಿದೆ. ನೆನಪಿಡಿ, ಇಂಥ ದೂರಿನಿಂದ ನಿಮ್ಮ ತೀರ್ಪು ಬದಲಾಗುವುದಿಲ್ಲ. ಅದಕ್ಕೆ ಅಪೀಲೇ ಬೇಕು, ಅದರ ಗಡಿಯಾರ ದೂರಿಗಾಗಿ ನಿಲ್ಲುವುದಿಲ್ಲ.

ಹೈಕೋರ್ಟಿಗೆ ಹೊರಟವರು ಕಾಗದಪತ್ರದ ಒಂದು ತಾಪತ್ರಯಕ್ಕೆ ಸಿದ್ಧರಿರಬೇಕು. ತಾಲ್ಲೂಕು ಕೋರ್ಟಿನ ಕೆಲಸ ಕನ್ನಡದಲ್ಲಿ, ಹೈಕೋರ್ಟಿನದು ಇಂಗ್ಲಿಷಿನಲ್ಲಿ. ಈ ಭಾಗದಲ್ಲಿ ಅದರ ಮೇಲೆ ಉರ್ದು ಬೇರೆ: ನಿಜಾಮರ ಕಾಲದ ಪತ್ರ, 1954-55ರ ಖಾಸ್ರಾ ಪಹಣಿ ಇಲ್ಲದೆ ಎಷ್ಟೋ ಜಮೀನು ಕೇಸು ನಿಲ್ಲುವುದೇ ಇಲ್ಲ. ಅವುಗಳ ಅನುವಾದಕ್ಕೆ ಮೊದಲೇ ಏರ್ಪಾಟು ಮಾಡಿಕೊಳ್ಳಿ. ಕಚೇರಿಯ ಆಕ್ಷೇಪಣೆಯಲ್ಲೇ ತಿಂಗಳು ಕಳೆಯುವುದು ತಪ್ಪುತ್ತದೆ. ಹೈಕೋರ್ಟು ಕೆಳಗಿನ ದಾಖಲೆ ತರಿಸಿಕೊಂಡರೆ ಮೂಲ ಫೈಲು ಕಲಬುರಗಿಗೆ ಹೋಗಿ, ಇಲ್ಲಿನ ಕೇಸು ತಡೆಯಿಲ್ಲದಿದ್ದರೂ ನಿಂತುಬಿಡುವುದುಂಟು. ಆಗ ದೃಢೀಕೃತ ನಕಲು ಇಟ್ಟುಕೊಂಡು ಮೂಲ ಫೈಲು ವಾಪಸು ಕಳಿಸಲು ಕೇಳಿಕೊಳ್ಳಬಹುದು.

ಖರ್ಚಿಗೆ ಹೆದರಿ ಅವಧಿ ಮೀರಿಸಿಕೊಳ್ಳಬೇಡಿ. ಮಹಿಳೆಯರು, ಮಕ್ಕಳು, ಪರಿಶಿಷ್ಟ ಜಾತಿ ಮತ್ತು ಪಂಗಡದವರು, ಅಂಗವಿಕಲರು, ಕಾರ್ಖಾನೆ ಕಾರ್ಮಿಕರು, ಕಸ್ಟಡಿಯಲ್ಲಿರುವವರು 1987ರ ಕಾನೂನು ಸೇವೆಗಳ ಕಾಯ್ದೆಯಡಿ ಉಚಿತ ವಕೀಲರನ್ನು ಪಡೆಯಬಹುದು, ಉಳಿದವರಿಗೆ ಆದಾಯದ ಮಿತಿಯಿದೆ. ಇದು ಮೇಲ್ಮನವಿಗೂ ಅನ್ವಯಿಸುತ್ತದೆ. ತಾಲ್ಲೂಕು ಕೋರ್ಟಿನ ಆವರಣದಲ್ಲೇ ಇರುವ ಕಾನೂನು ಸೇವಾ ಸಮಿತಿಯಲ್ಲಿ ಕೇಳಿ, ಇಲ್ಲವೇ 15100ಕ್ಕೆ ಫೋನು ಮಾಡಿ. ತೀರ್ಪು ಓದಿದ ದಿನವೇ ನಕಲಿಗೆ ಅರ್ಜಿ ಹಾಕಿ, ಆಮೇಲೆ ಊರಿಗೆ ಹೊರಡಿ.